ಹೊಸ್ತಿಲ ಮುಂದಿನ ಗೋರಿ

ಏಪ್ರಿಲ್ ಹದಿನಾಲ್ಕು, ಬುಧವಾರ ಬೆಳಿಗ್ಗೆ. ದೂರದ ತಲಾಸ್ ಊರಿನ ಕಡೆಯಿಂದ ಬಂದು ಬಸ್ಸಿಳಿದ ಗುಲ್ಬಾರಾ ಎಂಬ ಹೆಂಗಸು ನೇರ ಠಾಣೆಗೆ ಬಂದು ಇನ್‌ಸ್ಪೆಕ್ಟರ್ ಬೆಕ್ತೂರ್ ಎದುರು ಕೂತಳು.

"ಭಾನುವಾರ ನಮ್ಮಪ್ಪನ್ನ ಮಣ್ಣು ಮಾಡಿದಾರೆ ಸಾಹೇಬ್ರೇ. ನಂಗೆ ನಿನ್ನೆ ಯಾರೋ ಹೇಳಿದ್ರು."

"ಮಾಡಿದ್ಯಾರು?"

"ನನ್ ತಮ್ಮ ಮೆದೆತ್. ಖಬರಸ್ತಾನದಲ್ಲಲ್ಲ, ಅವನ ಮನೆ ಹೊಸ್ತಿಲ ಮುಂದೆ."

ನಮ್ಮಲ್ಲಿ ಸತ್ತವರ ಹೆಣ್ಣುಮಕ್ಕಳು ಬಂದು ಹಾಡಿ ಅಳುವ ತನಕ ಮಯ್ಯತ್ ಎತ್ತುವುದಿಲ್ಲ. ಅಂಗಳದಲ್ಲಿ ಗುಡಾರ ಹಾಕಿ, ಅದರೊಳಗೆ ಮಲಗಿಸಿ ಒಂದೆರಡು ರಾತ್ರಿಯಾದರೂ ಕಾಯುತ್ತಾರೆ. ಬೆಕ್ತೂರ್ ದೂರು ಬರೆಸಿಕೊಂಡು, ಕಾನ್‌ಸ್ಟೇಬಲ್ ಅಲ್ಮಾಜ್‌ನನ್ನೂ ಅವಳನ್ನೂ ಕೂರಿಸಿಕೊಂಡು ಜೀಪು ಹೊರಡಿಸಿದ.

ಕಾಲುವೆಯ ಕೆಳಗೆ ಮೆದೆತ್ ಇರುವ ಆ ಬೀದಿಯ ಕತೆ ಊರಿಗೆಲ್ಲ ಗೊತ್ತು. ಒಣಭೂಮಿ, ಮನೆ ಕಟ್ಟಿಕೊಳ್ಳಿ ಎಂದು ಗ್ರಾಮ ಕಚೇರಿಯವರೇ ಹಂಚಿದ ಜಾಗ. ಗೋಡೆ ಎದ್ದ ಮೇಲೆ ಜಿಲ್ಲೆಯ ನಕ್ಷೆ ಬಂತು. ಅದರಲ್ಲಿ ಇದು ನೀರಾವರಿ ಬೇಸಾಯದ ಭೂಮಿ, ಸಂರಕ್ಷಿತ, ಮನೆ ಕೂಡದು ಎಂದಿತ್ತು. ಆರು ವರ್ಷ ಕೋರ್ಟಿಗೆ ಅಲೆದರೂ ಕೊನೆಗೆ ನಕ್ಷೆಯೇ ಗೆದ್ದಿತು. ಬೀದಿಯ ಮೊದಲ ಮನೆ ಮೆದೆತ್‌ನದು, ಅದನ್ನು ದಾಟದೆ ಉಳಿದವಕ್ಕೆ ಹೋಗುವಂತಿಲ್ಲ. ಸೋಮವಾರ ಅದನ್ನು ಕೆಡವಲು ಯಂತ್ರ ಬಂದಿತ್ತು. ಎದುರಿಗೆ ಹಸಿ ಗೋರಿ ಕಂಡು ಚಾಲಕ ಕೆಳಗಿಳಿದು, ಸತ್ತವರಿಗಾಗಿ ಪ್ರಾರ್ಥಿಸಿ ಮುಖದ ಮೇಲೆ ಕೈ ಸವರಿಕೊಂಡು, ಹಿಂದಿರುಗಿದ್ದ.

ಪಕ್ಕದ ಮನೆಯ ಸಾಬಿರ್ ಬೇಲಿಯ ಹತ್ತಿರ ನಿಂತಿದ್ದ.

"ಮುದುಕರಿಗೆ ಏನಾಗಿತ್ತು?" ಬೆಕ್ತೂರ್ ಕೇಳಿದ.

"ವಯಸ್ಸಾಗಿತ್ತು."

"ವಯಸ್ಸಾದೋರು ಯಂತ್ರ ಬರೋ ಹಿಂದಿನ ದಿನಾನೇ ನೋಡ್ಕೊಂಡು ಸಾಯ್ತಾರೇನು?"

"ನಿಮ್ಗೆ ಸರ್ಕಾರಿ ಮನೆ ಐತೆ. ನಗ್ರಿ, ಎಷ್ಟು ಬೇಕಾದ್ರೂ ನಗ್ರಿ."

ಒಳಗೆ ಮೆದೆತ್ ಚಹಾ ಇಟ್ಟ. ಅಕ್ಕನ ಮುಖ ನೋಡಲಿಲ್ಲ.

"ಮೈ ತೊಳೆದೋರು ಯಾರು?" ಬೆಕ್ತೂರ್ ಕೇಳಿದ.

"ನಾನು, ಸಾಬಿರಣ್ಣ, ಇನ್ನಿಬ್ರು ನೆಂಟರು."

ಮೈ ತೊಳೆದವರಿಗೆ ಸತ್ತವರ ಬಟ್ಟೆ ಒಂದೊಂದು ಸಲ್ಲಬೇಕು. ಎಂಥ ಬಡವನೂ ಅದನ್ನು ತಪ್ಪಿಸುವುದಿಲ್ಲ.

"ಸಾಬಿರ್‌ಗೆ ಏನು ಕೊಟ್ಟೆ?"

"ತುಪ್ಪಳದ ಕೋಟು."

ಅಲ್ಮಾಜ್ ಹೊರಗೆ ಹೋಗಿ ಅದನ್ನೇ ಸಾಬಿರ್‌ನನ್ನು ಕೇಳಿ ಬಂದ. ಬೂಟು ಸಿಕ್ಕಿತು ಎಂದನಂತೆ. ಅಷ್ಟರಲ್ಲಿ ಹಿಂದಿನ ಕೋಣೆಯಿಂದ ಗುಲ್ಬಾರಾಳ ದನಿ ಬಂತು.

"ಕೋಟು ಇಲ್ಲೇ ಐತಲ್ಲೋ! ನಾನೇ ಹೊಲಿದಿದ್ದು. ಬೂಟೂ ಇಲ್ಲೇ, ಟೋಪಿನೂ ಇಲ್ಲೇ. ಯಾರು ತೊಳೆದ್ರೋ ಅಪ್ಪನ್ನ?"

ಮೆದೆತ್ ಚಹಾ ಬಗ್ಗಿಸುತ್ತಲೇ ಇದ್ದ. ಬಟ್ಟಲು ತುಂಬಿ ಮೇಜಿನ ಮೇಲೆ ಹರಿಯಿತು.

ಸಾಬಿರ್‌ನನ್ನು ಜೀಪಿನಲ್ಲಿ ಕೂರಿಸಿ ಮತ್ತೆ ಕೇಳಿದರು.

"ಸುಳ್ಳು ಯಾಕೆ ಹೇಳ್ದೆ?"

"ಮೆದೆತ್ ಒಬ್ನೇ ತೊಳೆದ ಸಾಹೇಬ್ರೇ. ಕಫನ್ ಬಟ್ಟೆ ಸುತ್ತಿದ ಮೇಲೇ ನಮ್ಮನ್ನ ಕರೆದಿದ್ದು. ಮುಖ ತೋರಿಸ್ಲಿಲ್ಲ. ನಾವೂ ಕೇಳ್ಲಿಲ್ಲ."

"ಯಾಕೆ ಕೇಳ್ಲಿಲ್ಲ?"

"ನನ್ ಮನೆ ಎರಡನೇದು."

ಅಂದೇ ಎಫ್‌ಐಆರ್ ದಾಖಲಾಯಿತು. ಮಾರನೆಯ ದಿನ ಕೋರ್ಟಿನ ಅನುಮತಿ ತಂದು, ಮುಲ್ಲಾ, ವೈದ್ಯರು ಮತ್ತು ಇಬ್ಬರು ಪಂಚರ ಎದುರು ಗೋರಿ ತೆರೆದರು. ಬೀದಿಯವರೆಲ್ಲ ಬೇಲಿಯಾಚೆ ನಿಂತಿದ್ದರು. ಮುದುಕ ಸಾತಾರ್‌ನ ಕೆಳದುಟಿ ಒಳಗಡೆ ಸೀಳಿತ್ತು. ಹಲ್ಲಿನ ಸಂದಿಯಲ್ಲಿ ಕೆಂಪು ಉಣ್ಣೆಯ ಎಳೆಗಳಿದ್ದವು. ಮೆದೆತ್‌ನ ಮನೆಯ ದಿಂಬಿನ ಗವಸು ಕೆಂಪು ಉಣ್ಣೆಯದು. ಎರಡನ್ನೂ ಪಂಚನಾಮೆಯಲ್ಲಿ ಬರೆದು ಮೊಹರು ಹಾಕಿದರು. ಸಂಜೆ ನಾಲ್ಕಕ್ಕೆ ಮೆದೆತ್‌ನ ಬಂಧನವಾಯಿತು. ಅವನು ತಪ್ಪಿಸಿಕೊಳ್ಳಲು ನೋಡಲಿಲ್ಲ.

"ಅಪ್ಪನೇ ಹೇಳಿದ್ದು," ಎಂದ. "ನಾನು ಹೋಗ್ತೀನಿ ಮಗಾ, ಹೊಸ್ತಿಲ ಮುಂದೇನೇ ಹೂಳು. ಗೋರಿ ಮೇಲೆ ಯಾವ ನನ್ಮಗನೂ ಯಂತ್ರ ಓಡ್ಸಲ್ಲ ಅಂತ. ಡಾಕ್ಟ್ರೂ ವಾರ ಉಳಿಯಲ್ಲ ಅಂದಿದ್ರು."

"ಆಮೇಲೆ?"

"ಶನಿವಾರ ಎದ್ದು ಕೂತ್ಕೊಂಡ್ರು. ಕುರಿ ಸಾರು ಕುಡಿದ್ರು. ಇನ್ನೊಂದು ಬಟ್ಟಲು ಹಾಕು ಅಂದ್ರು." ಅಂಗೈಯನ್ನು ಮೊಣಕಾಲಿಗೆ ಒರೆಸಿಕೊಂಡ. "ಹಾಕ್ದೆ ಸಾಹೇಬ್ರೇ. ಅದನ್ನೂ ಕುಡಿದ್ರು. ಯಂತ್ರ ಸೋಮವಾರಕ್ಕಿತ್ತು."

ಬೆಕ್ತೂರ್ ಪೆನ್ನು ಕೆಳಗಿಟ್ಟು, ಮತ್ತೆ ಎತ್ತಿಕೊಂಡು ಬರೆದ.

ಶವವನ್ನು ಗುಲ್ಬಾರಾಗೆ ಒಪ್ಪಿಸಿದ ದಿನ ಬೀದಿಯವರು ಠಾಣೆಯ ಬಾಗಿಲಿಗೆ ಬಂದರು. ಸಾಬಿರ್ ಟೋಪಿ ತೆಗೆದು ಕೈಯಲ್ಲಿ ಹಿಡಿದಿದ್ದ.

"ಅಕ್ಕಾ, ಅಲ್ಲೇ ಮಣ್ಣು ಮಾಡಮ್ಮ. ಅವರ ಆಸೆನೂ ಅದೇ ಇತ್ತು. ನಲವತ್ತು ಮನೆ ಅಕ್ಕಾ, ಮಕ್ಕಳು ಮರಿ ಅದಾವೆ."

"ಈಗ ಬಂದ್ರಾ ಅಕ್ಕಾ ಅಂತ? ಅವತ್ತು ಒಬ್ರಾದ್ರೂ ಮುಖ ತೋರ್ಸು ಅಂದ್ರಾ?" ಗುಲ್ಬಾರಾ ಕೇಳಿದಳು. ತಂದೆಯನ್ನು ಖಬರಸ್ತಾನಕ್ಕೆ ಒಯ್ದು ತಾಯಿಯ ಪಕ್ಕದಲ್ಲಿ ಇಟ್ಟಳು. ಅದಕ್ಕೂ ಮೊದಲು ಗುಡಾರ ಹಾಕಿಸಿ, ಒಂದು ರಾತ್ರಿ ಪೂರ್ತಿ ಹಾಡಿ ಅತ್ತಳು.

ಆರೋಪಪಟ್ಟಿಯಲ್ಲಿ ಕೊಲೆಯ ಉದ್ದೇಶ ಆಸ್ತಿ ಎಂದು ಬರೆಯಲಾಯಿತು. ಅದಕ್ಕಿಂತ ಹೆಚ್ಚು ಬರೆಯಲು ಆ ಕಾಗದದಲ್ಲಿ ಜಾಗ ಇರುವುದಿಲ್ಲ. ಮೆದೆತ್ ಅಪ್ಪನನ್ನು ಹೊತ್ತು ಹೊರಗೆ ತಂದು ಬಿಸಿಲಿಗೆ ಕೂರಿಸುತ್ತಿದ್ದದ್ದನ್ನು ನೋಡಿದವರಿದ್ದಾರೆ. ಗಡ್ಡ ಬೋಳಿಸುತ್ತಿದ್ದದ್ದೂ ಅವನೇ. ಮುಂದಿನ ಸೋಮವಾರ ಯಂತ್ರ ಮತ್ತೆ ಬಂತು. ಮೊದಲನೆಯದು ಮುಗಿಸಿ ಎರಡನೆಯ ಮನೆಗೆ ಹೋಯಿತು.