ಗುಡ್ ಮಾರ್ನಿಂಗ್ ಹೇಳದ ಹುಡುಗಿ

"ಈ ಬಸ್ ಇಲ್ಲಿಂದ ಒಂದಡಿ ಮುಂದೆ ಹೋಗಲ್ಲ!"

ಎಲ್ಡ್ರಿಕ್ ಇಂಜಿನ್ ಆರಿಸಿ ಕೈಕಟ್ಟಿ ಕುಳಿತುಬಿಟ್ಟ. ಬೆಂಡಲ್ಸ್‌ನಿಂದ ಸೇಂಟ್ ಜಾನ್ಸ್ ಪೇಟೆಗೆ ಹೊರಟಿದ್ದ ಮಿನಿಬಸ್ಸಿನ ಅಷ್ಟೂ ತಲೆಗಳು ಹಿಂದಿನ ಸೀಟಿನತ್ತ ತಿರುಗಿದವು.

ಅಲ್ಲಿ ಯನೀರಾ ಕುಳಿತಿದ್ದಳು. ತಲೆತುಂಬ ಗುಲಾಬಿ ರೋಲರ್‌ಗಳು, ಮಡಿಲಲ್ಲಿ ಚಿಕ್ಕಮ್ಮನ ಸಲೂನಿಗೆ ಒಯ್ಯುತ್ತಿದ್ದ ಶಾಂಪೂ ಡಬ್ಬ. ಡೊಮಿನಿಕನ್ ಸೀಮೆಯ ಸಾನ್ ಪೆದ್ರೊದಿಂದ ಆಂಟಿಗಾ ದ್ವೀಪಕ್ಕೆ ಬಂದು ಇನ್ನೂ ನಾಲ್ಕೇ ದಿನ.

"ನಾನೇನ್ ಮಾಡ್ದೆ?" ಎಂದಳು, ಕೆನ್ನೆ ಕೆಂಪಗಾಗಿ.

"ಏನೂ ಮಾಡ್ಲಿಲ್ಲ, ಅದೇ ತಪ್ಪು! ಬಸ್ ಹತ್ತಿದೋರು ಗುಡ್ ಮಾರ್ನಿಂಗ್ ಹೇಳ್ಬೇಕು ತಾಯಿ. ನಾವೇನು ಆಲೂಗಡ್ಡೆ ಮೂಟೆಗಳಾ?"

ಬಸ್ಸಿಗೆ ಬಸ್ಸೇ ನಕ್ಕಿತು. ಯನೀರಾಗೆ ಅಳುವೇ ಬಂದಂತಾಯಿತು. ಅವಳಿಗೆ ಬರುತ್ತಿದ್ದ ಇಂಗ್ಲಿಷ್ ಅಷ್ಟಕ್ಕಷ್ಟೇ. ಆದರೆ ಆ ಒಂದು ಮಾತನ್ನು ಮಾತ್ರ ಅಜ್ಜ ಚಿಕ್ಕಂದಿನಲ್ಲೇ ಬಾಯಿಪಾಠ ಮಾಡಿಸಿದ್ದ.

"ಗುಡ್ ಮಾ...ನಿನ್," ಎಂದು ರಾಗವಾಗಿ ಎಳೆದಳು.

ನಗು ಗಪ್ಪನೆ ನಿಂತಿತು.

ಮುಂದಿನ ಸೀಟಿನ ಮುದುಕಿ ಮಿಸ್ ಅಯೋನಿ ಎದೆಯ ಮೇಲೆ ಕೈಯಿಟ್ಟುಕೊಂಡಳು. "ಅಯ್ಯೋ ದೇವರೇ! ನಮ್ಮಪ್ಪ ಹೀಗೇ ಎಳೀತಿದ್ದ! ಯಾರೇ ಕಲಿಸಿದ್ದು ನಿಂಗೆ?"

"ನಮ್ಮಜ್ಜ. ಈ ಊರೋನೇ. ಕಬ್ಬು ಕಡಿಯೋಕೆ ಅಂತ ನಮ್ಮ ಕಡೆ ಬಂದೋನು ವಾಪಸ್ ಬರ್ಲೇ ಇಲ್ಲ."

ಎಲ್ಡ್ರಿಕ್ ಕನ್ನಡಿಯಲ್ಲಿ ಅವಳನ್ನೇ ನೋಡಿದ. ಆಮೇಲೆ ತೆಪ್ಪಗೆ ಬಸ್ ಶುರು ಮಾಡಿದ. ಪಾಪ, ಅವನ ಕಥೆ ಅಲ್ಲಿಗೇ ಮುಗಿದಿತ್ತು!

ಮಾರನೆಯ ದಿನದಿಂದ ಅವನ ಪಕ್ಕದ ಸೀಟು ಅವಳಿಗೆ ಮೀಸಲಾಯಿತು. ಈಸ್ಟರ್ ಹಿಂದಿನ ಉಪವಾಸದ ದಿನಗಳಲ್ಲಿ ಅವಳು ತಮ್ಮೂರಿನವರ ಪದ್ಧತಿಯಂತೆ ಕಾಳು ರುಬ್ಬಿ, ತೆಂಗಿನ ಹಾಲು ಹಾಕಿ ಕಾಯಿಸಿದ ಸಿಹಿಯನ್ನು ಬಟ್ಟಲಲ್ಲಿ ತಂದುಕೊಟ್ಟಳು.

"ಕಾಳಿಗೆ ಯಾರಾದ್ರೂ ಸಕ್ಕರೆ ಹಾಕ್ತಾರೇನೇ?" ಎಂದು ಮೂತಿ ತಿರುಗಿಸಿದವನು ಬಟ್ಟಲನ್ನು ಬೆರಳಲ್ಲೇ ಬಳಿದು ಮುಗಿಸಿದ.

'ಇವನು ನನ್ನವನಾದರೆ...' ಎಂದುಕೊಂಡ ಯನೀರಾ ತಕ್ಷಣ ಮನಸ್ಸಿನ ಬಾಯಿ ಮುಚ್ಚಿದಳು. ಅವಳು ಇಲ್ಲಿ ಇರಬಹುದಾಗಿದ್ದುದು ಆರು ತಿಂಗಳು ಮಾತ್ರ.

ಅಜ್ಜ ಇಲ್ಲಿಯವನೆಂದು ದಾಖಲೆ ತೋರಿಸಿದರೆ ಇಲ್ಲೇ ಉಳಿಯಬಹುದಿತ್ತು. ಅದಕ್ಕಾಗಿ ಚರ್ಚಿಗೆ ಹನ್ನೊಂದು ಸಲ ಅಲೆದಳು. ಹನ್ನೊಂದನೆಯ ಸಲ ಪಾದ್ರಿ ಹಳೆಯ ಜ್ಞಾನಸ್ನಾನದ ಪುಸ್ತಕ ತೆರೆದು ತೋರಿಸಿದರು. ಅಜ್ಜ ಹುಟ್ಟಿದ ವರ್ಷದ ಪುಟಗಳನ್ನೆಲ್ಲ ಗೆದ್ದಲು ತಿಂದುಬಿಟ್ಟಿತ್ತು.

ಯಾರ ಮೇಲೆ ಕೋಪ ಮಾಡಿಕೊಳ್ಳುವುದು? ಗೆದ್ದಲಿನ ಮೇಲಾ?

"ಮದುವೆ ಆಗೇ," ಎಂದಳು ಚಿಕ್ಕಮ್ಮ ಮಿಲಾಗ್ರೋಸ್, ಯಾರದೋ ಕೂದಲಿಗೆ ರೋಲರ್ ಸುತ್ತುತ್ತಾ. "ಆ ಬಸ್ಸಿನವನು ನಿನ್ನ ನೋಡಿ ಬ್ರೇಕ್ ಹಾಕೋದನ್ನೇ ಮರೀತಾನಂತೆ. ನಾನು ಮಾಡ್ಕೊಳ್ಲಿಲ್ವಾ?"

ಚಿಕ್ಕಮ್ಮ ಇಲ್ಲಿ ಉಳಿಯುವ ಪೇಪರಿಗಾಗಿಯೇ ಇಲ್ಲಿಯವನೊಬ್ಬನನ್ನು ಮದುವೆಯಾದವಳು. ಮಾತಿಗೆ ಮಾತು ಬೆಳೆದಾಗಲೆಲ್ಲ ಚಿಕ್ಕಪ್ಪ ಒಂದೇ ಮಾತು ಎಸೆಯುತ್ತಿದ್ದ. "ನಾನಿಲ್ದಿದ್ರೆ ನೀನಿಲ್ಲಿ ಇರ್ತಿದ್ಯಾ?" ಆಗ ಚಿಕ್ಕಮ್ಮನ ಮುಖ ಹೇಗೆ ಇಳಿದುಹೋಗುತ್ತಿತ್ತು ಎಂಬುದನ್ನು ಯನೀರಾ ಕಣ್ಣಾರೆ ಕಂಡಿದ್ದಳು.

ಎಲ್ಡ್ರಿಕ್ ಬಾಯಲ್ಲೂ ಒಂದು ದಿನ ಅದೇ ಮಾತು ಬಂದರೆ? ಬೇಡಪ್ಪಾ, ಬೇಡ!

ಒಂದು ಬುಧವಾರ ಎಲ್ಡ್ರಿಕ್ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಸಲೂನಿಗೇ ಬಂದ. ಬಸ್ಸಿನಲ್ಲಿ ಅಷ್ಟು ಮಾತಾಡುವವನಿಗೆ ಅಲ್ಲಿ ನಾಲಿಗೆಯೇ ಹೊರಳಲಿಲ್ಲ.

"ಯನೀರಾ... ಅದೇ... ನಾವು ಮದುವೆ ಆಗ್ಬಿಡೋಣ. ನಿನ್ನ ಪೇಪರ್ ಸರಿಹೋಗುತ್ತೆ."

ಅವಳ ಕೈಯಲ್ಲಿದ್ದ ಬಾಚಣಿಗೆ ಕೆಳಗೆ ಬಿತ್ತು.

"ಒಂದು ಮುದ್ರೆಗೋಸ್ಕರ ಗಂಡ ಬೇಕಿಲ್ಲ ನಂಗೆ! ಹೋಗು!"

"ಅಂದ್ರೆ... ನಿಂಗೆ ನಾನಂದ್ರೆ..."

"ಹೋಗು ಅಂದೆ!"

ಅವನು ಹೋದ. ತಲೆತಗ್ಗಿಸಿಕೊಂಡು ಹೋದ. 'ಅವಳಿಗೆ ನನ್ನ ಮೇಲೆ ಏನೂ ಇಲ್ಲ' ಎಂದು ಅವನು ಅಂದುಕೊಂಡ. 'ಅವನಿಗೆ ಇದ್ದದ್ದು ಬರೀ ಕನಿಕರ' ಎಂದು ಇವಳು ಅಂದುಕೊಂಡಳು. ಪ್ರೀತಿ ಇದೆ ಎಂದು ಈಗ ಹೇಳಿದರೂ ಪೇಪರಿಗಾಗಿ ಹೇಳಿದಂತೆ ಆಗುತ್ತದೆ. ಹೇಳದಿದ್ದರೆ ಜೀವ ಹೋಗುತ್ತದೆ. ಏನು ಮಾಡಿಯಾಳು ಪಾಪದ ಹುಡುಗಿ!

ಮೂರು ವಾರ ಅವಳು ಬೇರೆ ಬಸ್ಸಿನಲ್ಲಿ ಓಡಾಡಿದಳು. ಅವಳ ಸಿಹಿಯ ಬಟ್ಟಲು ಅವನ ಬಳಿಯೇ ಉಳಿದಿತ್ತು.

ಆರು ತಿಂಗಳು ಮುಗಿದು ಊರಿಗೆ ಹೊರಡುವ ದಿನ ಬೆಳಿಗ್ಗೆ ವಿಮಾನ ನಿಲ್ದಾಣಕ್ಕೆ ಹೋಗಲು ಚಿಕ್ಕಮ್ಮ ಗಾಡಿ ಕರೆಸಿದ್ದಳು. ಬಾಗಿಲ ಮುಂದೆ ನಿಂತಿದ್ದು ಎಲ್ಡ್ರಿಕ್‌ನ ಬಸ್ಸು!

"ಬೇರೆ ಗಾಡಿ ಸಿಗ್ಲಿಲ್ಲ ಕಣೇ," ಎಂದಳು ಚಿಕ್ಕಮ್ಮ, ಆಕಾಶ ನೋಡುತ್ತಾ. ಒಳಗೆ ಮಿಸ್ ಅಯೋನಿ ಟೋಪಿ ಧರಿಸಿ ಕುಳಿತಿದ್ದಳು. ಸ್ಟಿಯರಿಂಗ್ ಹಿಂದೆ ಎಲ್ಡ್ರಿಕ್‌ನ ತಮ್ಮ. ಎಲ್ಡ್ರಿಕ್ ಮಾತ್ರ ಹಿಂದಿನ ಸೀಟಿನಲ್ಲಿ, ಅವಳು ಮೊದಲ ದಿನ ಕುಳಿತಿದ್ದ ಜಾಗದಲ್ಲಿ, ಒಂದು ಬ್ಯಾಗನ್ನು ತಬ್ಬಿಕೊಂಡು ಕುಳಿತಿದ್ದ.

ಯನೀರಾ ಮಾತಿಲ್ಲದೆ ಹತ್ತಿದಳು.

"ಬಸ್ ಹೋಗಲ್ಲ," ಎಂದ ಎಲ್ಡ್ರಿಕ್ ಮೆಲ್ಲಗೆ. "ಹತ್ತಿದೋರು ಏನೋ ಹೇಳ್ಬೇಕು."

"ಬೇಡ ಎಲ್ಡ್ರಿಕ್... ನನ್ನ ಕೈಲಾಗಲ್ಲ." ಕಣ್ಣೀರು ದಳದಳನೆ ಇಳಿಯಿತು. "ಈ ಬ್ಯಾಗ್ ಯಾಕೆ?"

"ನಾನೂ ಬರ್ತಿದ್ದೀನಿ."

"ಎಲ್ಲಿಗೆ?!"

"ನಿಮ್ಮೂರಿಗೆ. ನಿಮ್ಮಮ್ಮನ್ನ ಕೇಳ್ಬೇಕು. ಮದುವೆ ಅಲ್ಲೇ ಆಗಲಿ. ಅಲ್ಲಿ ನಿಂಗೆ ಯಾವ ಪೇಪರೂ ಬೇಡ, ಪೇಪರಿಲ್ಲದೋನು ನಾನು. ಮೂವತ್ತು ದಿನ ಇರೋಕೆ ಬಿಡ್ತಾರಂತೆ. ಆಮೇಲೆ ಇಟ್ಕೊಳ್ಳೋದು, ಓಡಿಸೋದು ನಿನ್ನಿಷ್ಟ."

ಯನೀರಾ ಬ್ಯಾಗನ್ನೂ ಅವನನ್ನೂ ಮತ್ತೆ ಮತ್ತೆ ನೋಡಿದಳು.

"ನಿನ್ನ ಬಸ್ಸು? ನಿನ್ನೂರು?"

"ನಿಮ್ಮಜ್ಜ ಈ ಊರು ಬಿಟ್ಟು ಹೋಗ್ಲಿಲ್ವಾ? ನಾನೂ ಕಬ್ಬು ಕಡೀತೀನಿ." ಅವನು ಬ್ಯಾಗನ್ನು ಕೆಳಗಿಟ್ಟ. "ನಾನವತ್ತು ದಡ್ಡನ ಥರ ಪೇಪರ್ ಅಂದೆ. ನಿನ್ನ ಬಿಟ್ಟಿರೋಕಾಗಲ್ಲ ಅನ್ನೋಕೆ ಹೆದರಿಕೆ ಆಯ್ತು ಕಣೇ..."

"ಇಷ್ಟನ್ನೇ ಅವತ್ತು ಹೇಳಿದ್ರೆ ಸಾಕಿತ್ತಲ್ಲೋ!" ಎಂದು ಅವಳು ಅವನ ತೋಳಿಗೆ ಗುದ್ದಿ, ಅದೇ ತೋಳಿಗೆ ಹಣೆಯಿಟ್ಟು ಬಿಕ್ಕಿದಳು. "ಮೊದಲ ದಿನದಿಂದ್ಲೂ ನೀನೇ... ನೀನೊಬ್ಬನೇ..."

"ಲೇ, ವಿಮಾನ ಹೋಗ್ಬಿಡುತ್ತೆ ಕಣ್ರೋ!" ಎಂದು ಮಿಸ್ ಅಯೋನಿ ಮೂಗು ಒರೆಸಿಕೊಂಡಳು.

ಎಲ್ಡ್ರಿಕ್ ಬ್ಯಾಗಿನಿಂದ ತೊಳೆದಿಟ್ಟ ಬಟ್ಟಲನ್ನು ತೆಗೆದು ಅವಳ ಕೈಗಿಟ್ಟ. "ನಿಮ್ಮೂರ ಬಸ್ ಹತ್ತಿದಾಗ ಏನನ್ಬೇಕು?"

"ಬುಯೆನೋಸ್ ದಿಯಾಸ್," ಎಂದು ಅವಳು ತನ್ನ ಸ್ಪ್ಯಾನಿಷಿನಲ್ಲಿ ಹೇಳಿಕೊಟ್ಟಳು.

"ತಪ್ಪು ಹೇಳಿದ್ರೆ?"

"ನಾನಿದ್ದೀನಲ್ಲ, ಬಸ್ ನಿಲ್ಲಿಸ್ತೀನಿ. ಸರಿಯಾಗಿ ಹೇಳೋ ತನಕ."

"ಈಗ ನಿಂದು ಹೇಳು."

ಯನೀರಾ ಕಣ್ಣೊರೆಸಿಕೊಂಡು ಅಜ್ಜನ ರಾಗದಲ್ಲೇ ಎಳೆದಳು, "ಗುಡ್ ಮಾ...ನಿನ್."

ಬಸ್ ಹೊರಟಿತು.