ದಿಂಬಿನೊಳಗಿನ ಗಂಟು

ನಮ್ಮ ಮುತ್ತಜ್ಜನ ಮುತ್ತಜ್ಜನಿಗೂ ಇನ್ನೂ ಹಾಲುಹಲ್ಲು ಬಂದಿರದ ಕಾಲದಲ್ಲಿ ಮಂಪುರಾವತಿ ಎಂಬ ರಾಜ್ಯವಿತ್ತು. ಅಲ್ಲಿನ ಬೆಟ್ಟದ ಮೇಲೆ ಸ್ವಪ್ನಗಿರಿ ಎಂಬ ವಿಶ್ವವಿದ್ಯಾಲಯ. ಅಲ್ಲಿ ಕಲಿಸುತ್ತಿದ್ದುದು ಒಂದೇ ವಿದ್ಯೆ, ಕನಸಿನ ವಿದ್ಯೆ. ಮಧ್ಯಾಹ್ನ ಊಟವಾದ ಮೇಲಿನ ಪಾಠದಲ್ಲಿ ತೂಕಡಿಸದ ವಿದ್ಯಾರ್ಥಿ ಎಲ್ಲಾದರೂ ಇದ್ದಾನೆಯೇ ಹೇಳಿ? ಸ್ವಪ್ನಗಿರಿಯಲ್ಲಿ ಅದೇ ಪಾಠ, ಅದೇ ಪರೀಕ್ಷೆ. ಚೆನ್ನಾಗಿ ಮಲಗಿದವನೇ ಮೊದಲ ದರ್ಜೆ!

ಬೆಟ್ಟದ ಕೆಳಗೆ ಪಿಂಜಾರರ ಹೊನ್ನೂರವ್ವ ಹತ್ತಿ ಹಿಂಜಿ, ದಿಂಬು ಹೊಲಿದು ಬದುಕುತ್ತಿದ್ದಳು. ತಾಯಿ ಸತ್ತ ಮೇಲೆ ತಮ್ಮ ಫಕೀರಪ್ಪನನ್ನು ಸಾಕಿದವಳು ಅವಳೇ. ಅವಳ ಮನೆತನದಲ್ಲೊಂದು ಪದ್ಧತಿಯಿತ್ತು. ದಿಂಬಿನ ಮೂಲೆಯಲ್ಲಿ ಎರಡು ಬೆರಳಿನಷ್ಟು ಜಾಗ ಹೊಲಿಯದೆ ಬಿಡಬೇಕು. "ಕನಸು ಬಂದ ದಾರಿಯಲ್ಲೇ ಹೋಗಬೇಕವ್ವ, ಬಾಗಿಲು ಮುಚ್ಚಬೇಡ" ಎಂದು ತಾಯಿ ಹೇಳುತ್ತಿದ್ದಳು.

ಒಂದು ದಿನ ಕುಲಪತಿ ಜಾಗರೇಂದ್ರನೇ ಇಳಿದು ಬಂದ. ಕಣ್ಣು ಕೆಂಡದ ಹಾಗೆ, ರೆಪ್ಪೆ ಮಿಟುಕಿಸುವುದೇ ಇಲ್ಲ.

"ಮುನ್ನೂರು ದಿಂಬು ಬೇಕು. ಇಗೋ ನೂಲು, ಎಲ್ಲಿಯೂ ಕತ್ತರಿಸಕೂಡದು. ಮುನ್ನೂರಕ್ಕೂ ಒಂದೇ ಎಳೆ, ಕೊನೆಗೆ ಒಂದೇ ಗಂಟು. ಮೂಲೆಯಲ್ಲಿ ಸಂದು ಬಿಡಕೂಡದು."

"ಸಂದಿಲ್ಲದ ದಿಂಬು ನಮ್ಮಲ್ಲಿ ಹೊಲಿಯೋದಿಲ್ಲ, ಸ್ವಾಮಿ."

"ನಿನ್ನ ತಮ್ಮನಿಗೆ ಒಂದು ಸೀಟು ಕೊಡುತ್ತೇನೆ."

ಸೀಟು ಎಂದರೆ ಯಾರ ಮನಸ್ಸು ಕರಗದು! ಹೊನ್ನೂರವ್ವ ಹೊಲಿದಳು. ಮುನ್ನೂರನೆಯ ದಿಂಬಿನಲ್ಲಿ ಗಂಟು ಹಾಕಿ, ಕಸುಬಿನವರ ರೂಢಿಯಂತೆ ಆ ಗಂಟನ್ನು ಹತ್ತಿಯೊಳಕ್ಕೆ ತಳ್ಳಿ ಕಾಣದಂತೆ ಮಾಡಿದಳು. ಸರದಂತೆ ಒಂದೇ ಎಳೆಗೆ ಕೋದ ದಿಂಬುಗಳನ್ನು ಗಾಡಿಗೇರಿಸಿ, ಆ ಕೊನೆಯ ದಿಂಬನ್ನೇ ತಮ್ಮನ ಕೈಗಿಟ್ಟು, "ಚೆನ್ನಾಗಿ ಓದು" ಎಂದು ಕಳಿಸಿದಳು.

ರಜೆ ಬಂತು, ಫಕೀರಪ್ಪ ಬರಲಿಲ್ಲ. ಬೆಟ್ಟದ ಮೇಲೆ ಕಸ ಗುಡಿಸುವ ತಿಪ್ಪವ್ವ ಬಂದಳು.

"ಹೊನ್ನೂರವ್ವ, ಮಲಗಿದ ಮಕ್ಕಳು ಒಬ್ಬರೂ ಎದ್ದಿಲ್ಲ. ಮೊದಲು ಅಂಗೈ ಬೆಳ್ಳಗಾಗ್ತದೆ. ಆಮೇಲೆ ಮೂರೇ ದಿನ. ಹಿತ್ತಲ ಮೆಟ್ಟಿಲಲ್ಲಿ ನಲವತ್ತು ಮಂದಿಯನ್ನ ಹೊತ್ತು ಇಳಿಸಿದ್ದನ್ನ ಈ ಕಣ್ಣಾರೆ ಕಂಡೆ."

"ನಮ್ಮ ಫಕೀರ?"

ತಿಪ್ಪವ್ವ ತನ್ನ ಅಂಗೈ ನೋಡಿಕೊಂಡಳು. "ಅವನದು ಮೊನ್ನೆಯಿಂದ ಬೆಳ್ಳಗಿದೆ, ತಾಯಿ."

ಹೊನ್ನೂರವ್ವ ಕತ್ತರಿಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಬೆಟ್ಟ ಹತ್ತಿದಳು.

ಮೊದಲನೆಯ ಬಾಗಿಲಲ್ಲಿ ಕಲ್ಲಿನ ಹುಲಿ. "ಒಂದು ಕನಸು ಕೊಡು" ಎಂದಿತು. ಚಿಕ್ಕಂದಿನಿಂದ ಕಾಣುತ್ತಿದ್ದ ಹಾರುವ ಕನಸನ್ನು ಕೊಟ್ಟಳು. ಹುಲಿ ನುಂಗಿತು, ಬಾಗಿಲು ತೆರೆಯಿತು.

ಎರಡನೆಯ ಬಾಗಿಲಲ್ಲಿ ಕಂಚಿನ ಹಾವು. "ಅದಕ್ಕಿಂತ ತೂಕದ್ದು ಕೊಡು" ಎಂದಿತು. ಹುಟ್ಟದೆ ಹೋದ ಮಗಳಿಗೆ ಜಡೆ ಹೆಣೆಯುವ ಕನಸನ್ನು ಕೊಟ್ಟಳು. ಹಾವು ನುಂಗಿತು, ಬಾಗಿಲು ತೆರೆಯಿತು.

ಮೂರನೆಯ ಬಾಗಿಲಲ್ಲಿ ಕಬ್ಬಿಣದ ಗೂಬೆ. "ಯಾವುದನ್ನು ಕೊಡಲಾರೆಯೋ ಅದನ್ನು ಕೊಡು" ಎಂದಿತು. ಸತ್ತ ತಾಯಿ ವಾರಕ್ಕೊಮ್ಮೆ ಹೊನ್ನೂರವ್ವನ ಕನಸಿನಲ್ಲಿ ಬಂದು, ಪಕ್ಕದಲ್ಲಿ ಕೂತು ಹತ್ತಿ ಬಿಡಿಸುತ್ತಿದ್ದಳು. ಅದನ್ನೂ ಕೊಟ್ಟಳು. ಗೂಬೆ ನುಂಗಿತು, ಬಾಗಿಲು ತೆರೆಯಿತು.

ಒಳಗೆ ಮುನ್ನೂರು ಚಾಪೆ. ಮಲಗಿದವರ ಕೆನ್ನೆಗಳು ಗುಳಿಬಿದ್ದಿದ್ದವು, ದಿಂಬುಗಳು ಮಾತ್ರ ದಿನ ತುಂಬಿದ ಹಸುವಿನ ಹೊಟ್ಟೆಯಂತೆ ಉಬ್ಬಿದ್ದವು. ಜಾಗರೇಂದ್ರ ಒಂದು ದಿಂಬಿಗೆ ಕೊಳವೆ ಚುಚ್ಚಿ, ಎಳನೀರು ಕುಡಿದಂತೆ ಕನಸು ಹೀರುತ್ತಿದ್ದ.

"ಬಾ, ಬಾ! ಎಂಥ ಹೊಲಿಗೆ ನಿನ್ನದು, ಒಂದು ಹನಿ ಸೋರಿಲ್ಲ" ಎಂದು ನಕ್ಕ. "ಮುನ್ನೂರು ವರ್ಷದಿಂದ ನನಗೆ ನಿದ್ದೆಯಿಲ್ಲ. ನಿದ್ದೆಯಿಲ್ಲದವನಿಗೆ ಕಂಡವರ ಕನಸೇ ಅನ್ನ."

ಹೊನ್ನೂರವ್ವ ತಮ್ಮನ ದಿಂಬಿನ ಹೊಲಿಗೆಗೆ ಕತ್ತರಿ ಹಾಕಿದಳು. ಕತ್ತರಿ ಹಪ್ಪಳದಂತೆ ಮುರಿಯಿತು.

"ಹೊರಗಿನಿಂದ ಯಾವ ಆಯುಧಕ್ಕೂ ಆ ನೂಲು ಜಗ್ಗದು, ಹುಚ್ಚಿ!"

ಹೊರಗಿನಿಂದ. ಆ ಮಾತು ಕಿವಿಗೆ ಬಿದ್ದದ್ದೇ ತಡ, ಅವಳಿಗೆ ತನ್ನ ಕೈಯ ಗಂಟು ನೆನಪಾಯಿತು. ಅದು ಇರುವುದು ಒಳಗೆ! ಅವಳು ತಮ್ಮನ ಪಕ್ಕದಲ್ಲಿ ಮಲಗಿ, ಅದೇ ದಿಂಬಿಗೆ ತಲೆಯಿಟ್ಟು ಕಣ್ಣು ಮುಚ್ಚಿದಳು. ಹೊಸ ಊಟ ತಾನಾಗಿ ಬಂತೆಂದು ಜಾಗರೇಂದ್ರ ಕೊಳವೆ ಒರೆಸಿಕೊಂಡ.

ನಿದ್ದೆ ಹತ್ತಿ ಅವಳು ದಿಂಬಿನೊಳಕ್ಕೆ ಇಳಿದಳು. ಅಲ್ಲಿ ಕಣ್ಣು ಹಾಯುವವರೆಗೂ ಬಿಳಿ ಹತ್ತಿ. ನಡುವೆ ಫಕೀರಪ್ಪ ಬೆನ್ನು ತಿರುಗಿಸಿ ಕೂತಿದ್ದ.

"ಅಕ್ಕಾ, ಹೋಗು. ನನ್ನ ಪರೀಕ್ಷೆ ಮುಗಿದಿಲ್ಲ."

"ಸುಡಲಿ ನಿನ್ನ ಪರೀಕ್ಷೆ! ಏಳೋ."

ಕೈ ಹಿಡಿದು ಎಳೆದುಕೊಂಡೇ ಮೂಲೆಗೆ ಓಡಿದಳು. ಅಲ್ಲಿ ಕುಂಬಳಕಾಯಿಯಷ್ಟು ದೊಡ್ಡ ಗಂಟು. ಉಗುರಿನಿಂದ ಕಿತ್ತಳು, ಉಗುರು ಹೋಯಿತು. ಹಲ್ಲಿನಿಂದ ಕಚ್ಚಿದಳು, ಹಲ್ಲು ಮುರಿಯಿತು. "ನನ್ನ ಕೈ ಕಟ್ಟಿದ್ದನ್ನ ನನ್ನ ಬಾಯೇ ಬಿಡಿಸಬೇಕು" ಎಂದು ಬಾಯ್ತುಂಬ ರಕ್ತವಿದ್ದರೂ ಮತ್ತೆ ಕಚ್ಚಿದಳು. ಗಂಟು ಸಡಿಲವಾಯಿತು.

ಒಂದೇ ಎಳೆಯಲ್ಲವೇ? ಸರ್ರೆಂದು ಮುನ್ನೂರು ದಿಂಬಿನ ಹೊಲಿಗೆಯೂ ಬಿಚ್ಚಿಕೊಂಡಿತು. ಹೀರದೆ ಉಳಿದಿದ್ದ ಕನಸುಗಳೆಲ್ಲ ಹತ್ತಿಯ ಜೊತೆ ಹಾರಿ ತಮ್ಮ ತಮ್ಮ ತಲೆ ಹುಡುಕಿಕೊಂಡವು. ಊಟ ತಪ್ಪಿದ ಜಾಗರೇಂದ್ರನ ಮೇಲೆ ಮುನ್ನೂರು ವರ್ಷದ ನಿದ್ದೆ ಒಮ್ಮೆಲೇ ಕವಿಯಿತು. ಒಂದು ಆಕಳಿಕೆ ತೆಗೆದ. ಬಾಯಿ ಮುಚ್ಚುವಷ್ಟರಲ್ಲಿ ಬೂದಿಯಾಗಿದ್ದ.

ಇನ್ನೂರ ಅರವತ್ತು ಮಂದಿ ಕಣ್ಣುಜ್ಜಿಕೊಂಡು ಎದ್ದರು. ನಲವತ್ತು ಚಾಪೆಗಳು ಖಾಲಿ ಇದ್ದವು. ಆ ನಲವತ್ತು ಮಕ್ಕಳ ತಾಯಂದಿರ ಮನೆಗೆ ಹೊನ್ನೂರವ್ವ ಒಬ್ಬಳೇ ಹೋಗಿ, "ಹೊಲಿದವಳು ನಾನೇ" ಎಂದು ಹೇಳಿ ಬಂದಳು. ಕೆಲವರು ಬಾಗಿಲು ಹಾಕಿಕೊಂಡರು, ಕೆಲವರು ನೀರು ಕೊಟ್ಟರು.

ಸ್ವಪ್ನಗಿರಿಯನ್ನು ಮುಚ್ಚಲಿಲ್ಲ. ಮೊದಲ ದಿನದ ಮೊದಲ ಪಾಠ ಹೊನ್ನೂರವ್ವನದೇ ಆಯಿತು: ಎರಡು ಬೆರಳಿನ ಸಂದು ಬಿಡುವುದು. ಆಮೇಲೆ ಆ ರಾಜ್ಯದಲ್ಲಿ ಎಲ್ಲರೂ ಮಲಗುವ ಹೊತ್ತಿಗೆ ಮಲಗಿ, ಏಳುವ ಹೊತ್ತಿಗೆ ಎದ್ದು ಸುಖವಾಗಿದ್ದರು.

ಆದರೆ ಹುಲಿ, ಹಾವು, ಗೂಬೆ ನುಂಗಿದ್ದನ್ನು ಕಕ್ಕಲಿಲ್ಲ. ತಾಯಿ ಮತ್ತೆಂದೂ ಹೊನ್ನೂರವ್ವನ ಕನಸಿಗೆ ಬರಲಿಲ್ಲ. ಅವಳು ಬೆಳಗಾಗೆದ್ದು ಹತ್ತಿ ಹಿಂಜುವ ಬಿಲ್ಲು ಹಿಡಿದು ಕೂತರೆ, ಫಕೀರಪ್ಪ ಕಣ್ಣುಜ್ಜುತ್ತಾ ಬಂದು ಪಕ್ಕದಲ್ಲಿ ಕೂರುತ್ತಿದ್ದ.

"ಅಕ್ಕಾ, ಅವ್ವ ಬಂದಿದ್ದಳು."

ಬಿಲ್ಲು ನಿಲ್ಲುತ್ತಿತ್ತು. "ಏನಂದಳೋ?"

"ನಿನ್ನ ಹಲ್ಲಿನ ನೋವು ಕಮ್ಮಿಯಾಯ್ತಾ ಅಂತ ಕೇಳಿದಳು."