ಉಲ್ಟಾ ರೋಲ್

“ಹ್ಞೂಂ ಅಂತೀರೋ, ಉಹ್ಞೂಂ ಅಂತೀರೋ, ಶೂಟಿಂಗ್ ಮುಗಿಯೋದ್ರೊಳಗೆ ಹೇಳ್ಬುಡಿ ಮೇಡಂ,” ಎಂದಿದ್ದ ಅಮರೇಶ. ಮದುವೆಯ ಮಾತನ್ನು ಲೆನ್ಸ್ ಒರೆಸುತ್ತ ಕೇಳುವ ಗಂಡಸು ಮೈಸೂರಿನಲ್ಲಿ ಇನ್ನೊಬ್ಬನಿರಲಿಕ್ಕಿಲ್ಲ.

ಇವತ್ತು ಕೊನೆಯ ದಿನ. ಸಂಘಮಿತ್ರಳ ಉತ್ತರ ಸಿದ್ಧವಾಗಿತ್ತು: ಬೇಡ. ಅವನ ಮೇಲೆ ಸಿಟ್ಟೇನಿಲ್ಲ. ಅವ್ವ ತೀರಿಕೊಂಡಾಗಿನಿಂದ ಅವಳಿಗೆ ಯಾರ ಮೇಲೂ ಏನೂ ಅನಿಸುತ್ತಿರಲಿಲ್ಲ. ಅಳು ಬಂದಿರಲಿಲ್ಲ, ನಕ್ಕದ್ದು ನೆನಪಿಲ್ಲ. ಮರಗಟ್ಟಿದ ಮನಸ್ಸನ್ನು ಇನ್ನೊಬ್ಬನ ಕೈಗೆ ಕೊಡುವುದಾದರೂ ಹೇಗೆ?

ಅವ್ವ ಹೋದಮೇಲೆ ಸಣ್ಣ ಬಜೆಟ್ಟಿನ ಮೂರು ಸಿನಿಮಾಗಳಿಗೆ ಅವಳು ಛಾಯಾಗ್ರಹಣ ಮಾಡಿದ್ದಳು. ಲೈಟು ಹಾಕುವವಳಲ್ಲ, ಕಿಟಕಿಯ ಬೆಳಕೇ ಸಾಕು. ಸ್ಟ್ಯಾಂಡಿನ ಮೇಲಿಟ್ಟ ಕ್ಯಾಮೆರಾ ಅಲ್ಲಾಡುವಂತಿಲ್ಲ, ಯಾರ ಮುಖದ ಹತ್ತಿರಕ್ಕೂ ಹೋಗುವಂತಿಲ್ಲ. “ಎಂಥ ಸಂಯಮ!” ಎಂದು ವಿಮರ್ಶಕರು ಹೊಗಳಿದ್ದೇ ಹೊಗಳಿದ್ದು. ಸಂಯಮವೂ ಇಲ್ಲ, ಮಣ್ಣಾಂಗಟ್ಟಿಯೂ ಇಲ್ಲ, ಹತ್ತಿರ ಹೋಗಲು ಅವಳಿಗೆ ಮನಸ್ಸೇ ಇರಲಿಲ್ಲ. ಮೂರರಲ್ಲೂ, ಈಗಿನ ಈ ನಾಲ್ಕನೆಯದರಲ್ಲೂ ಫೋಕಸ್ ನೋಡಿಕೊಂಡವನು ಅಮರೇಶ.

ನಜರ್‌ಬಾದಿನ ಹಳೇ ಮನೆಯಲ್ಲಿ ನಾಯಕಿ ಕುರ್ಚಿಯಿಂದೆದ್ದು ಹೋಗುವ ದೃಶ್ಯವನ್ನು ಸಂಜೆ ಬಿಸಿಲಿನಲ್ಲಿ ಎರಡು ಸಲ ತೆಗೆದರು. ಬಿಸಿಲು ಹೋಯಿತು, ಎಲ್ಲರೂ ಚಪ್ಪಾಳೆ ತಟ್ಟಿದರು. ಸಂಘಮಿತ್ರ ಮಾನಿಟರಿನಲ್ಲಿ ಹಾಕಿ ನೋಡಿದರೆ ದೃಶ್ಯವೇ ಇಲ್ಲ!

ಅಯ್ಯೋ, ಕ್ಯಾಮೆರಾದವರ ಹಳೇ ಪಾಪ ಅದು, ಉಲ್ಟಾ ರೋಲ್. ಗುಂಡಿ ಒಂದೇ. ಒತ್ತಿದರೆ ಶುರು, ಮತ್ತೆ ಒತ್ತಿದರೆ ಬಂದ್. ಎಲ್ಲೋ ಒಮ್ಮೆ ಹೆಚ್ಚಿಗೆ ಒತ್ತಿದ್ದಳು. “ಆ್ಯಕ್ಷನ್” ಅಂದಾಗ ಕ್ಯಾಮೆರಾ ನಿಂತಿದೆ, “ಕಟ್” ಅಂದಾಗ ಓಡಿದೆ.

ನಿರ್ದೇಶಕಿ ಅನುಪಮಾ ತಲೆ ಚಚ್ಚಿಕೊಂಡಳು. “ನಾಳೆ ಇದೇ ಹೊತ್ತಿಗೆ ಎಲ್ಲಾ ಬನ್ರಪ್ಪ,” ಎಂದು ಹೊರಟೇಹೋದಳು.

ಉಳಿದದ್ದು ಎರಡು ಟೇಕುಗಳ ನಡುವಿನ ಹನ್ನೊಂದು ನಿಮಿಷ. ಅದರಲ್ಲಿದ್ದವಳು ಸಂಘಮಿತ್ರಳೇ. ಖಾಲಿ ಕುರ್ಚಿಯ ಪಕ್ಕ ಮೀಟರ್ ಹಿಡಿದು ಬೆಳಕು ಅಳೆಯುತ್ತಿದ್ದಾಳೆ. ಕ್ಯಾಮೆರಾದ ಹಿಂದಿನಿಂದ ಅಮರೇಶನ ದನಿ: “ಕೂದಲಲ್ಲಿ ಜೇಡರಬಲೆ ಕಣ್ರೀ. ತೆಗೀಬೇಡಿ, ಹೀರೋಯಿನ್ ಹೂವಿಗಿಂತ ಚೆನ್ನಾಗಿ ಒಪ್ತದೆ.” ಅವಳು ತಲೆ ಕೊಡವಿ, ಓರೆಗಣ್ಣಿನಲ್ಲಿ ಅವನತ್ತ ನೋಡಿ, ಬಾಯ್ತುಂಬ ನಗುತ್ತಾಳೆ. ಕಿಟಕಿಗೆ ಹೋದರೆ ಫೋಕಸ್ ಅಲ್ಲಿಗೆ, ಕುರ್ಚಿಗೆ ಬಂದರೆ ಇಲ್ಲಿಗೆ. ಎಲ್ಲಿ ನಿಂತರೂ ಅವಳ ಕಣ್ಣು ಸ್ಪಷ್ಟ.

“ಕ್ಯಾಮೆರಾ ಓಡ್ತಿಲ್ಲ ಅಂದ್ಕೊಂಡಿದ್ರಲ್ಲ, ಮತ್ಯಾಕೆ ಫೋಕಸ್ ಮಾಡ್ತಿದ್ರಿ?”

ಪಕ್ಕದಲ್ಲೇ ನಿಂತು ನೋಡುತ್ತಿದ್ದ ಅಮರೇಶನ ಕಿವಿ ಕೆಂಪಾಯಿತು. “ಅಭ್ಯಾಸ ಆಗ್ಬುಟ್ಟಿದೆ. ಮೊದಲ್ನೇ ಸಿನಿಮಾದಿಂದ.”

ಅವಳು ಮತ್ತೊಮ್ಮೆ ಹಾಕಿ ನೋಡಿದಳು. ಎದೆಯಲ್ಲಿ ಈಗಲೂ ಏನೂ ಮಿಸುಕಲಿಲ್ಲ. ಆದರೆ ಆ ನಗು ಸುಳ್ಳಲ್ಲ. ನಟನೆಯ ನಗು ಯಾವುದು, ನಿಜದ್ದು ಯಾವುದು ಎಂದು ಅವಳಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ.

“ನಂಗೆ ಒಳಗೆ ಏನೂ ಅನಿಸ್ತಿಲ್ಲ ಅಮರೇಶ್. ನಿಜ ಹೇಳ್ತಿದೀನಿ.”

“ಗೊತ್ತು ಬುಡಿ,” ಎಂದು ಅವನು ಲೆನ್ಸ್ ಪೆಟ್ಟಿಗೆ ಮುಚ್ಚಲು ಬಗ್ಗಿದ.

“ಪೂರ್ತಿ ಕೇಳ್ರೀ. ನನಗಿಂತ ಮೊದ್ಲು ನನ್ನ ಮುಖಕ್ಕೆ ಗೊತ್ತಾಗಿದೆ. ನನಗೂ ಗೊತ್ತಾಗೋವರೆಗೂ ಕಾಯ್ತೀರಾ?”

“ಎಷ್ಟು ದಿನ?”

“ಮದುವೆ ಆದ್ಮೇಲೂ ಒಂದಷ್ಟು ದಿನ.”

ಅಮರೇಶ ಪೆಟ್ಟಿಗೆಯ ಮೇಲೇ ಕೂತುಬಿಟ್ಟ. ಅವಳು ಪಕ್ಕದಲ್ಲಿ ಕೂತು ಅವನ ಕೈ ಹಿಡಿದಳು. ಕೈ ಬೆಚ್ಚಗಿದೆ ಎಂಬುದಷ್ಟೇ ತಿಳಿಯಿತು. ಸದ್ಯಕ್ಕೆ ಅಷ್ಟು ಸಾಕು ಎನಿಸಿತು.